ಸಾಮಾನ್ಯ ಕ್ಷೇತ್ರದಿಂದ ಮೂರು ಬಾರಿ ಗೆದ್ದ ಜೋಕಿಂ ಆಳ್ವ

ಚುನಾವಣೆ ಸಮೀಪಿಸಿದಾಗಲೆಲ್ಲ ನಮ್ಮ ಮಲೆಸೀಮೆಯಲ್ಲಿ ಒಂದು ಮಾತು ತಪ್ಪದೆ ಕೇಳಿಬರುತ್ತದೆ. ಮಗ್ಗೆ, ಆಲೂರು, ಬಾಳ್ಳುಪೇಟೆ, ಸಕಲೇಶಪುರದ ಕಡೆಯ ಕಥೋಲಿಕ ಮನೆಗಳವರು ಭಾನುವಾರದ ಬಲಿಪೂಜೆ ಮುಗಿಸಿ ದೇವಾಲಯದ ಅಂಗಳದಲ್ಲಿ ನಿಂತಾಗ, ನಮ್ಮವರೊಬ್ಬರು ಶಾಸನಸಭೆಯಲ್ಲಿ ಇರಬೇಕಿತ್ತೆಂದು ಪರಸ್ಪರ ಹೇಳಿಕೊಳ್ಳುತ್ತಾರೆ. ನಾವು ಎಷ್ಟು ಜನ, ನಮ್ಮ ಮತವೆಷ್ಟು, ಅಷ್ಟು ಮತಕ್ಕೆ ಯಾರು ಬೆಲೆ ಕೊಡುತ್ತಾರೆ ಎಂಬ ಲೆಕ್ಕಾಚಾರದಲ್ಲಿ ಆ ಮಾತು ನಿಂತುಹೋಗುತ್ತದೆ. ಈ ಲೆಕ್ಕವನ್ನೇ ಒಪ್ಪದೆ ಸಾರ್ವಜನಿಕ ಜೀವನಕ್ಕಿಳಿದು, ತಮ್ಮವರು ಬಹು ಅಲ್ಪಸಂಖ್ಯೆಯಲ್ಲಿದ್ದ ಕ್ಷೇತ್ರದಿಂದ ಮೂರು ಬಾರಿ ಗೆದ್ದು ಬಂದ ಕಥೋಲಿಕರೊಬ್ಬರು ಕನ್ನಡ ನಾಡಿನಲ್ಲಿದ್ದರು. ಅವರು ಜೋಕಿಂ ಆಳ್ವರು. ಅವರು ಕುಳಿತದ್ದು ದೆಹಲಿಯ ಲೋಕಸಭೆಯಲ್ಲಿ. ಆದರೂ ನಮ್ಮ ಅಂಗಳದ ಮಾತಿಗೆ ಅವರ ಜೀವನ ಹತ್ತಿರವಾಗಿದೆಯೆಂದು ತೋರಿದ್ದರಿಂದ ಈ ವಾರ ಅವರನ್ನು ನೆನೆಯುತ್ತಿದ್ದೇವೆ.

ಜೋಕಿಂ ಆಳ್ವರು ಹುಟ್ಟಿದ್ದು 1907ರ ಜನವರಿ 21ರಂದು, ಉಡುಪಿಯ ಬಳಿಯ ಬೆಳ್ಳೆಯಲ್ಲಿ. ಆಗ ಉಡುಪಿ ಮದರಾಸು ಪ್ರಾಂತ್ಯದ ದಕ್ಷಿಣ ಕನ್ನಡ ಜಿಲ್ಲೆಗೆ ಸೇರಿತ್ತು. ಅದರ ಸೋದರ ಜಿಲ್ಲೆಯಾದ ಉತ್ತರ ಕನ್ನಡವನ್ನು ಆಂಗ್ಲ ಸರ್ಕಾರ 1862ರಲ್ಲಿಯೇ ಬೇರ್ಪಡಿಸಿ ಮುಂಬಯಿ ಪ್ರಾಂತ್ಯಕ್ಕೆ ಜೋಡಿಸಿತ್ತು. ಒಂದೇ ಕರಾವಳಿ, ಒಂದೇ ಗದ್ದೆ ತೋಟ, ಆದರೆ ಎರಡು ರಾಜಧಾನಿಗಳು. ಈ ವಿಭಜನೆ ಆಳ್ವರ ಬಾಳಿನಲ್ಲಿ ಮುಂದೆ ಮುಖ್ಯವಾಗುವುದರಿಂದ ಓದುಗರು ಇದನ್ನು ನೆನಪಿನಲ್ಲಿಡಬೇಕು. ಯೇಸುಸಭೆಯ ಗುರುಗಳ ಕೈಕೆಳಗೆ ವಿದ್ಯಾಭ್ಯಾಸ ಮಾಡಿದ ಅವರು, ಆ ಕಾಲದ ಅನೇಕ ಕರಾವಳಿ ತರುಣರಂತೆ ಮುಂಬಯಿಗೆ ತೆರಳಿ ಅಲ್ಲಿ ಕಾನೂನು ಕಲಿತರು. ಕೊಂಕಣ ರೈಲು ಬರಲು ಇನ್ನೂ ಏಳು ದಶಕಗಳಿದ್ದ ಕಾಲವದು. ಊರು ಬಿಟ್ಟವರು ಹಡಗಿನಲ್ಲಿ ಹೋಗಿ ಮುಂಬಯಿಯ ಬಂದರಿನಲ್ಲಿ ಇಳಿಯುತ್ತಿದ್ದರು. ಅವರಲ್ಲಿ ಬಹುಪಾಲು ಜನರ ಆಸೆ ಒಂದು ಗುಮಾಸ್ತಗಿರಿ, ಒಂದು ಸರ್ಕಾರಿ ನೌಕರಿ. ಆಳ್ವರು ಆ ದಾರಿ ಹಿಡಿಯಲಿಲ್ಲ.

ಹಿಡಿಯದಿದ್ದುದು ಎಷ್ಟು ದೊಡ್ಡ ಸಂಗತಿಯೆಂಬುದನ್ನು ಅರಿಯಲು ಆಗಿನ ನಮ್ಮ ಸಮುದಾಯದ ಮನಃಸ್ಥಿತಿಯನ್ನು ಸ್ವಲ್ಪ ನೋಡಬೇಕು. 1784ರಲ್ಲಿ ಟಿಪ್ಪುವಿನ ಆಜ್ಞೆಯಂತೆ ಕರಾವಳಿಯ ಕಥೋಲಿಕರನ್ನು ಮನೆಮಠ ಬಿಡಿಸಿ ಘಟ್ಟ ಹತ್ತಿಸಿ ಶ್ರೀರಂಗಪಟ್ಟಣಕ್ಕೆ ಒಯ್ಯಲಾಗಿತ್ತು. 1799ರಲ್ಲಿ ಪಟ್ಟಣ ಆಂಗ್ಲರ ಕೈಸೇರಿದ ಮೇಲೆ ಅಳಿದುಳಿದವರು ಊರಿಗೆ ಮರಳಿದರು. ಈ ನೆನಪು ನಾಲ್ಕಾರು ತಲೆಮಾರುಗಳವರೆಗೆ ಮನೆಮನೆಯಲ್ಲಿ ಜೀವಂತವಾಗಿತ್ತು. ಬಿಡುಗಡೆ ಕೊಟ್ಟವರು ಆಂಗ್ಲರು, ಶಾಲೆ ನಡೆಸಿದವರು ಯೂರೋಪಿನ ಗುರುಗಳು, ನೌಕರಿ ಕೊಟ್ಟದ್ದು ಆಂಗ್ಲ ಸರ್ಕಾರ. ಹೀಗಿರುವಾಗ ಸರ್ಕಾರದ ವಿರುದ್ಧ ನಿಲ್ಲುವುದೆಂದರೆ ಅನ್ನ ಹಾಕಿದ ಕೈಯನ್ನು ತಳ್ಳಿದಂತೆ ಎಂಬ ಭಾವನೆ ಹಿರಿಯರಲ್ಲಿ ಗಟ್ಟಿಯಾಗಿತ್ತು. ನಮ್ಮ ಹಾಸನ ಸೀಮೆಯಲ್ಲಿಯೂ ಪರಿಸ್ಥಿತಿ ಬೇರೆಯಾಗಿರಲಿಲ್ಲ. ಸಾತಹಳ್ಳಿಯ ಕ್ರೈಸ್ತ ಬೇಸಾಯಗಾರರನ್ನು ನೆಲೆಗೊಳಿಸಿದವರು ಫ್ರೆಂಚ್ ಗುರು ಅಬ್ಬೆ ದ್ಯುಬುವಾ. ಇಂದು ಹೇಮಾವತಿಯ ನೀರಿನಲ್ಲಿ ನಿಂತಿರುವ ಶೆಟ್ಟಿಹಳ್ಳಿಯ ದೇವಾಲಯವನ್ನು ಕಟ್ಟಿಸಿದವರೂ ಫ್ರೆಂಚ್ ಮಿಷನರಿಗಳೇ. ಕರಾವಳಿಯಿಂದ ಘಟ್ಟ ಹತ್ತಿ ಬಂದ ನಮ್ಮವರಲ್ಲಿ ಅನೇಕರಿಗೆ ಕೆಲಸ ದೊರೆತದ್ದು ಆಂಗ್ಲ ದೊರೆಗಳ ಕಾಫಿ ತೋಟಗಳಲ್ಲಿ. ಅವರ ಕೃತಜ್ಞತೆಯನ್ನು ನಾವು ಹಗುರವಾಗಿ ನೋಡಲಾರೆವು. ಆದರೆ ಕೃತಜ್ಞತೆಯೇ ರಾಜಕೀಯವಾಗಿ ಬಿಟ್ಟರೆ ನೆರೆಹೊರೆಯವರು ನಮ್ಮನ್ನು ಹೊರಗಿನವರೆಂದು ಕಾಣುವ ಅಪಾಯವಿತ್ತು.

ಮುಂಬಯಿಯಲ್ಲಿ ಈ ಅಪಾಯ ಇನ್ನೂ ಸ್ಪಷ್ಟವಾಗಿತ್ತು. ಪೋರ್ಚುಗಲ್ ಮತ್ತು ಪವಿತ್ರ ಪೀಠಗಳ ನಡುವಣ 1928ರ ಒಪ್ಪಂದದ ಪ್ರಕಾರ ಆ ನಗರದ ಮಹಾಧರ್ಮಾಧ್ಯಕ್ಷ ಪದವಿ ಒಮ್ಮೆ ಪೋರ್ಚುಗೀಸರಿಗೆ, ಮತ್ತೊಮ್ಮೆ ಆಂಗ್ಲರಿಗೆ ಎಂದು ಸರದಿಯಂತೆ ನಿಗದಿಯಾಗಿತ್ತು. ಭಾರತೀಯರಾದ ವಲೇರಿಯನ್ ಗ್ರೇಶಿಯಸ್ ಅವರು ಆ ಪೀಠವನ್ನೇರಿದ್ದು 1950ರಲ್ಲಿ. ಅಂಥ ನಗರದಲ್ಲಿ, ಅದೇ 1928ರಲ್ಲಿ, ಸೈಮನ್ ಆಯೋಗವನ್ನು ಬಹಿಷ್ಕರಿಸಿ ವಿದ್ಯಾರ್ಥಿಗಳು ಬೀದಿಗಿಳಿದಿದ್ದರು. ಆಳ್ವರಿಗೆ ಆಗ ಇಪ್ಪತ್ತೊಂದು ವರ್ಷ. ಕೆ. ಎಫ್. ನಾರಿಮನ್, ಯೂಸುಫ್ ಮೆಹರ್ ಅಲಿ ಮೊದಲಾದವರು ಬೆಳೆಸಿದ ಯುವಜನ ಚಳವಳಿಯಲ್ಲಿ ಅವರೂ ಸೇರಿಕೊಂಡರು. ಹಳೆಯ ಸಂಸ್ಥೆಯಾದ ಬಾಂಬೆ ಸ್ಟೂಡೆಂಟ್ಸ್ ಬ್ರದರ್‌ಹುಡ್‌ನ ಕಾರ್ಯದರ್ಶಿಯಾಗಿ ಆಯ್ಕೆಯಾದ ಮೊದಲ ಕ್ರೈಸ್ತರು ಅವರೇ.

ಅಷ್ಟಕ್ಕೇ ನಿಂತಿದ್ದರೆ ಆಳ್ವರು ಕಾಂಗ್ರೆಸ್ಸಿನಲ್ಲಿದ್ದ ಒಬ್ಬ ಕ್ರೈಸ್ತರಾಗಿ ಉಳಿಯುತ್ತಿದ್ದರು. ಅವರು ಚಳವಳಿಯನ್ನು ತಮ್ಮ ಸಮುದಾಯದ ಒಳಗೆ ತಂದದ್ದು ಹೆಚ್ಚಿನದು. ಕಥೋಲಿಕ ವಿದ್ಯಾರ್ಥಿಗಳ ಒಕ್ಕೂಟವನ್ನು ಕಟ್ಟಿದರು. ಗಾಂಧೀಜಿಯವರು ದಂಡಿಗೆ ನಡೆದ 1930ರಲ್ಲಿಯೇ ನ್ಯಾಷನಲಿಸ್ಟ್ ಕ್ರಿಶ್ಚಿಯನ್ ಪಾರ್ಟಿ ಎಂಬ ಸಂಘಟನೆಯನ್ನು ಮುನ್ನಡೆಸಿದರು. ಹೊರಗಿನ ಸರ್ಕಾರವನ್ನು ಎದುರಿಸುವುದಕ್ಕಿಂತ ಒಳಗಿನ ಹಿರಿಯರನ್ನು ಎದುರಿಸುವುದು ಕಷ್ಟವೆಂಬುದು ಸಮುದಾಯದ ಕೆಲಸ ಮಾಡಿದವರಿಗೆಲ್ಲ ಗೊತ್ತಿರುವ ಸಂಗತಿ.

ಆ ವರ್ಷಗಳಲ್ಲಿ ಕ್ರೈಸ್ತರ ಮುಂದಿದ್ದ ದೊಡ್ಡ ಪ್ರಶ್ನೆ ಪ್ರತ್ಯೇಕ ಮತಕ್ಷೇತ್ರದ್ದು. ಕ್ರೈಸ್ತರ ಪ್ರತಿನಿಧಿಯನ್ನು ಕ್ರೈಸ್ತರೇ ಪ್ರತ್ಯೇಕವಾಗಿ ಆರಿಸಬೇಕೆ, ಅಥವಾ ಎಲ್ಲರೊಡನೆ ಸೇರಿ ಸಾಮಾನ್ಯ ಕ್ಷೇತ್ರದಲ್ಲಿ ಮತ ಹಾಕಬೇಕೆ? ಲಂಡನ್ನಿನ ದುಂಡುಮೇಜಿನ ಪರಿಷತ್ತಿನಲ್ಲಿ ಪ್ರಾಟೆಸ್ಟಂಟ್ ನಾಯಕ ಕೆ. ಟಿ. ಪೌಲರು ಪ್ರತ್ಯೇಕ ಕ್ಷೇತ್ರಗಳು ಬೇಡವೆಂದರು. ಕಥೋಲಿಕ ಪ್ರತಿನಿಧಿ ಎ. ಟಿ. ಪನ್ನೀರ್‌ಸೆಲ್ವಂ ಅವರು ಬೇಕೆಂದರು. 1932ರ ಕೋಮುವಾರು ತೀರ್ಪು ಪನ್ನೀರ್‌ಸೆಲ್ವಂ ಅವರ ಬೇಡಿಕೆಯನ್ನು ಎತ್ತಿಹಿಡಿಯಿತು. ಅಂದರೆ ನಮ್ಮ ಕಥೋಲಿಕ ನಾಯಕತ್ವದ ಒಂದು ಪ್ರಬಲ ಪಾಲು ಬೇಲಿ ಹಾಕಿಕೊಳ್ಳುವುದೇ ಕ್ಷೇಮವೆಂದು ನಂಬಿತ್ತು. ಅವರ ಉದ್ದೇಶವನ್ನು ನಾವು ಶಂಕಿಸುವುದಿಲ್ಲ. ಸಣ್ಣ ಸಮುದಾಯಕ್ಕೆ ಭಯವಿರುವುದು ಸಹಜ. ಆದರೆ ಬೇಲಿಯೊಳಗಿನ ಸ್ಥಾನ ಬೇಲಿಯೊಳಗಿನ ಮಾತಿಗಷ್ಟೇ ಸಾಲುತ್ತದೆ. ಆಳ್ವರ ಸಂಘಟನೆ ರಾಷ್ಟ್ರೀಯ ಚಳವಳಿಯ ಕಡೆಗೆ ನಿಂತು ಬೇರೆಯದೇ ದಾರಿಯನ್ನು ಆರಿಸಿಕೊಂಡಿತು.

ಆ ದಾರಿ ಸೆರೆಮನೆಯ ಮೂಲಕ ಹಾದುಹೋಯಿತು. ಆಳ್ವರು ಎರಡು ಬಾರಿ ಬಂಧನಕ್ಕೊಳಗಾದರು. ವಕೀಲಿಯಲ್ಲಿ ಬೆಳೆಯಬೇಕಾದ ವಯಸ್ಸಿನ ಒಳ್ಳೆಯ ವರ್ಷಗಳು ಹೀಗೆ ಕಳೆದವು. 1937ರಲ್ಲಿ ಅವರು ವಯೊಲೆಟ್ ಹರಿ ಅವರನ್ನು ವಿವಾಹವಾದರು. ವಯೊಲೆಟ್ ಅವರು 1908ರಲ್ಲಿ ಅಹಮದಾಬಾದಿನಲ್ಲಿ ಹುಟ್ಟಿದ ಗುಜರಾತಿ ಕ್ರೈಸ್ತರು. ತಂದೆ ರೆವರೆಂಡ್ ಲಕ್ಷ್ಮಣ ಹರಿ ಆಂಗ್ಲಿಕನ್ ಸಭೆಯ ಪಾದ್ರಿ. ಹದಿನಾರರ ಹರೆಯದಲ್ಲಿಯೇ ತಂದೆತಾಯಿಯರನ್ನು ಕಳೆದುಕೊಂಡ ಆಕೆ ಅಣ್ಣ ಅಕ್ಕಂದಿರ ಆಸರೆಯಲ್ಲಿ ಓದಿ, ಸಂತ ಕ್ಸೇವಿಯರ್ ಕಾಲೇಜಿನಲ್ಲಿ ಪದವಿ ಪಡೆದು, ಕಾನೂನು ಕಲಿತು, ಇಂಗ್ಲಿಷ್ ಪ್ರಾಧ್ಯಾಪಕರಾಗಿದ್ದರು. ಬೆಳ್ಳೆಯ ಕಥೋಲಿಕ ಮನೆತನಕ್ಕೆ ಅಹಮದಾಬಾದಿನ ಪಾದ್ರಿಯ ಮಗಳು ಸೊಸೆಯಾಗಿ ಬಂದದ್ದು ಆ ಕಾಲಕ್ಕೆ ಸಣ್ಣ ವಿಷಯವಾಗಿರಲಾರದು.

1943ರಲ್ಲಿ ಆಂಗ್ಲ ಸರ್ಕಾರ ವಯೊಲೆಟ್ ಅವರನ್ನು ಬಂಧಿಸಿತು. ಮನೆಯಲ್ಲಿ ಐದು ತಿಂಗಳ ಹಸುಗೂಸು ಚಿತ್ತರಂಜನ್. ಮಗುವನ್ನು ಬಿಟ್ಟು ಹೋಗುವಂತಿರಲಿಲ್ಲ. ಆಕೆ ಮಗುವನ್ನೆತ್ತಿಕೊಂಡೇ ಆರ್ಥರ್ ರೋಡ್ ಸೆರೆಮನೆಗೆ ನಡೆದರು. ಸ್ವಾತಂತ್ರ್ಯದ ಹೋರಾಟದಲ್ಲಿ ಕ್ರೈಸ್ತರ ಪಾಲೇನು ಎಂದು ಕೇಳುವವರು ಇಂದಿಗೂ ಇದ್ದಾರೆ. ಅವರಿಗೆ ಉತ್ತರ ಕೊಡಲು ನಾವು ಹೆಸರುಗಳಿಗಾಗಿ ತಡಕಾಡುತ್ತೇವೆ, ಜೆ. ಸಿ. ಕುಮಾರಪ್ಪನವರ ಹೆಸರು ಹೇಳಿ ಸುಮ್ಮನಾಗುತ್ತೇವೆ. ಈ ತಾಯಿಮಗುವಿನ ಕಥೆ ನಮ್ಮ ಧರ್ಮೋಪದೇಶದ ತರಗತಿಗಳಲ್ಲಿ ಏಕೆ ಕೇಳಿಬರುವುದಿಲ್ಲವೋ ತಿಳಿಯದು.

ಅದೇ ವರ್ಷ, ಕ್ವಿಟ್ ಇಂಡಿಯಾ ಚಳವಳಿಗೆ ಒಂದು ವರ್ಷ ತುಂಬಿದ ಆಗಸ್ಟ್ 9ರಂದು, ಆಳ್ವ ದಂಪತಿಗಳ ಫೋರಂ ಎಂಬ ಇಂಗ್ಲಿಷ್ ವಾರಪತ್ರಿಕೆ ಹೊರಬಂದಿತು. ನಾಯಕರೆಲ್ಲ ಸೆರೆಯಲ್ಲಿದ್ದು, ಪತ್ರಿಕೆಗಳ ಮೇಲೆ ಸರ್ಕಾರದ ಕಣ್ಗಾವಲಿದ್ದ ಯುದ್ಧಕಾಲದಲ್ಲಿ ಹೊಸ ರಾಷ್ಟ್ರೀಯ ಪತ್ರಿಕೆ ಆರಂಭಿಸುವುದು ಧೈರ್ಯದ ಕೆಲಸ. ಅಂದಿನ ರಾಷ್ಟ್ರನಾಯಕರನ್ನು ಪರಿಚಯಿಸುವ ಆಳ್ವರ ಪುಸ್ತಕ ‘ಮೆನ್ ಅಂಡ್ ಸೂಪರ್‌ಮೆನ್ ಆಫ್ ಹಿಂದೂಸ್ತಾನ್’ ಕೂಡ 1943ರಲ್ಲಿಯೇ ಪ್ರಕಟವಾಯಿತು. ಮರುವರ್ಷ ವಯೊಲೆಟ್ ಅವರು ಬೇಗಂ ಎಂಬ ಮಹಿಳಾ ಪತ್ರಿಕೆಯನ್ನು ಹೊರತಂದರು. 1944ರಲ್ಲಿಯೇ ಹೈಕೋರ್ಟಿನ ಪೂರ್ಣಪೀಠದ ಮುಂದೆ ವಾದಿಸಿದ ದೇಶದ ಮೊದಲ ಮಹಿಳಾ ವಕೀಲರೆಂಬ ಹೆಸರೂ ಅವರದಾಯಿತು.

ಸ್ವಾತಂತ್ರ್ಯ ಬಂದ ಮೇಲೆ 1949ರಲ್ಲಿ ಆಳ್ವರು ಮುಂಬಯಿ ನಗರದ ಶೆರೀಫ್ ಆಗಿ ನೇಮಕಗೊಂಡರು. ಗೌರವದ ಹುದ್ದೆ, ಅಧಿಕಾರ ಕಡಿಮೆ. ಅದಕ್ಕಿಂತ ಮಹತ್ವದ ಸಂಗತಿ ಅದೇ ವರ್ಷ ದೆಹಲಿಯಲ್ಲಿ ನಡೆಯಿತು. ಧಾರ್ಮಿಕ ಅಲ್ಪಸಂಖ್ಯಾತರಿಗೆ ಶಾಸನಸಭೆಗಳಲ್ಲಿ ಸ್ಥಾನ ಕಾದಿರಿಸುವ ಕ್ರಮವನ್ನು ಸಂವಿಧಾನ ರಚನಾ ಸಭೆ 1949ರ ಮೇ ತಿಂಗಳಿನಲ್ಲಿ ಕೈಬಿಟ್ಟಿತು. ಅದಕ್ಕೆ ಒಪ್ಪಿಗೆಯಿತ್ತ ಕ್ರೈಸ್ತ ಸದಸ್ಯರಲ್ಲಿ ನಮ್ಮ ಮಂಗಳೂರಿನಲ್ಲಿ ಹುಟ್ಟಿದ ಯೇಸುಸಭೆಯ ಗುರು ಜೆರೋಮ್ ಡಿಸೋಜರೂ ಒಬ್ಬರು. ಬೇಲಿ ಹೋಯಿತು. ಇನ್ನು ಮೇಲೆ ಕ್ರೈಸ್ತನಿಗೆ ಶಾಸನಸಭೆಯಲ್ಲಿ ಜಾಗ ಬೇಕಾದರೆ ಅನ್ಯಧರ್ಮೀಯರ ಮತ ಕೇಳಬೇಕು. ಅವರು ಕೊಡುತ್ತಾರೆಯೆ? ಅನೇಕ ಮನೆಗಳಲ್ಲಿ ಅಂದು ಈ ಪ್ರಶ್ನೆ ಎದ್ದಿರಬೇಕು. 1950ರಲ್ಲಿ ಹಂಗಾಮಿ ಸಂಸತ್ತಿಗೆ ಹೋದ ಆಳ್ವರು, 1952ರ ಮೊದಲ ಮಹಾಚುನಾವಣೆಯಲ್ಲಿ ಕಾಂಗ್ರೆಸ್ ಅಭ್ಯರ್ಥಿಯಾಗಿ ಉತ್ತರ ಕನ್ನಡದಿಂದ ನಿಂತರು.

ಈ ಸ್ಪರ್ಧೆಯನ್ನು ಸ್ವಲ್ಪ ನಿಧಾನವಾಗಿ ನೋಡೋಣ. ಆಳ್ವರು ಆ ಜಿಲ್ಲೆಯವರಲ್ಲ. ಅವರ ಹುಟ್ಟೂರು ಬೇರೆ ಪ್ರಾಂತ್ಯದಲ್ಲಿತ್ತು, ವಾಸ ಮುಂಬಯಿಯಲ್ಲಿ. ಉತ್ತರ ಕನ್ನಡದಲ್ಲಿ ಕಥೋಲಿಕರು ಕಾರವಾರ, ಕುಮಟಾ, ಹೊನ್ನಾವರದ ಕಡಲ ಅಂಚಿನಲ್ಲಿ ಹೆಚ್ಚಾಗಿದ್ದರೂ ಜಿಲ್ಲೆಯ ಒಟ್ಟು ಜನಸಂಖ್ಯೆಯಲ್ಲಿ ಅವರದು ಬಹು ಚಿಕ್ಕ ಪಾಲು. ಉಳಿದಂತೆ ಶಿರಸಿ ಸಿದ್ದಾಪುರದ ಅಡಿಕೆ ತೋಟದ ಹವ್ಯಕರು, ಅಂಕೋಲೆಯ ನಾಡವರು ಮತ್ತು ಹಾಲಕ್ಕಿ ಒಕ್ಕಲಿಗರು, ನಾಮಧಾರಿಗಳು, ಮೀನುಗಾರರು, ಭಟ್ಕಳದ ನವಾಯತ ಮುಸಲ್ಮಾನರು, ಹಳಿಯಾಳದ ಮರಾಠರು. ಲೆಕ್ಕ ಹಾಕಿ ನಿಲ್ಲುವವರು ನಿಲ್ಲುವ ಕ್ಷೇತ್ರವಲ್ಲ ಅದು.

ಆದರೆ ಆ ಜಿಲ್ಲೆಗೆ ಮತ್ತೊಂದು ನೆನಪಿತ್ತು. 1930ರ ಏಪ್ರಿಲ್ 13ರಂದು ಅಂಕೋಲೆಯಲ್ಲಿ ಎಂ. ಪಿ. ನಾಡಕರ್ಣಿಯವರ ಮುಂದಾಳುತನದಲ್ಲಿ ಉಪ್ಪಿನ ಕಾನೂನನ್ನು ಮುರಿಯಲಾಗಿತ್ತು. ಅದರ ಹಿಂದೆಯೇ ಅಂಕೋಲೆ, ಸಿದ್ದಾಪುರಗಳ ರೈತರು ಕರನಿರಾಕರಣೆ ನಡೆಸಿದರು. ಸರ್ಕಾರ ಅವರ ಜಮೀನು ಮುಟ್ಟುಗೋಲು ಹಾಕಿತು, ಪಾತ್ರೆಪಡಗ ಹರಾಜು ಹಾಕಿತು, ಗಂಡಸರನ್ನು ಸೆರೆಗೆ ಕಳಿಸಿತು. ಅನೇಕ ಮನೆಗಳು ಕಾಡಿನಂಚಿನ ಗುಡಿಸಲುಗಳಲ್ಲಿ ದಿನ ಕಳೆದವು. ಹೀಗೆ ಬೆಂದ ಜನ 1952ರಲ್ಲಿ ಮೊದಲ ಬಾರಿ ಮತಪೆಟ್ಟಿಗೆಯ ಮುಂದೆ ನಿಂತಾಗ, ತಮ್ಮ ಮುಂದಿದ್ದ ಅಭ್ಯರ್ಥಿಯೂ ಅದೇ ಕಾರಣಕ್ಕೆ ಸೆರೆ ಕಂಡವರೆಂಬುದನ್ನು ಪರಿಗಣಿಸಿರಲೇಬೇಕು. ನೆಹರೂ ಅವರ ಹೆಸರಿನ ಬಲವೂ ಕಾಂಗ್ರೆಸ್ಸಿನ ಗಾಳಿಯೂ ಇದ್ದವು. ಅದನ್ನು ಮರೆಮಾಚುವುದು ಬೇಡ. ಆದರೆ ಸಮುದಾಯ 1930ರಲ್ಲಿ ಹಿಂಜರಿದಾಗ ಆಳ್ವರು ಹಿಂಜರಿದಿದ್ದರೆ, 1952ರಲ್ಲಿ ಯಾವ ಪಕ್ಷವೂ ಅವರನ್ನು ಆ ಜನರ ಮುಂದೆ ನಿಲ್ಲಿಸುತ್ತಿರಲಿಲ್ಲವೆಂಬುದು ನಮ್ಮ ಅಭಿಪ್ರಾಯ. ಆಳ್ವರು ಗೆದ್ದರು. 1956ರ ನವೆಂಬರ್ 1ರಂದು ರಾಜ್ಯ ಪುನರ್ವಿಂಗಡಣೆಯಾಗಿ ಎರಡು ಕನ್ನಡ ಜಿಲ್ಲೆಗಳೂ ಮೈಸೂರು ರಾಜ್ಯಕ್ಕೆ ಸೇರಿದ ಮೇಲೆ 1957ರಲ್ಲಿ ಮತ್ತೆ ಗೆದ್ದರು. 1962ರಲ್ಲಿ ಮೂರನೆಯ ಬಾರಿಯೂ ಗೆದ್ದರು.

1952ರಲ್ಲಿಯೇ ವಯೊಲೆಟ್ ಅವರು ಮುಂಬಯಿ ರಾಜ್ಯದಿಂದ ರಾಜ್ಯಸಭೆಗೆ ಆಯ್ಕೆಯಾದರು. ಪತಿ ಕೆಳಮನೆಯಲ್ಲಿ, ಪತ್ನಿ ಮೇಲ್ಮನೆಯಲ್ಲಿ; ಭಾರತದ ಸಂಸತ್ತಿನ ಮೊದಲ ದಂಪತಿಗಳೆಂದು ಅವರು ಹೆಸರಾದರು.

ಆಳ್ವರು ಪ್ರತಿನಿಧಿಸಿದ ಜಿಲ್ಲೆಯ ಗಡಿಯಾಚೆ ಗೋವಾ ಇತ್ತು. ಕಾರವಾರದ ಕಥೋಲಿಕ ಮನೆಗಳಿಗೆ ಅಲ್ಲಿ ನೆಂಟರಿದ್ದರು, ಹಳೆಯ ಇಗರ್ಜಿಗಳ ಬಾಂಧವ್ಯವಿತ್ತು. ಭಾರತ ಸ್ವತಂತ್ರವಾದ ಮೇಲೂ ಪೋರ್ಚುಗೀಸರು ಅಲ್ಲಿಂದ ಕದಲಲಿಲ್ಲ. 1955ರ ಆಗಸ್ಟ್ 15ರಂದು ಗಡಿ ದಾಟಿದ ನಿಶ್ಶಸ್ತ್ರ ಸತ್ಯಾಗ್ರಹಿಗಳ ಮೇಲೆ ಗುಂಡು ಹಾರಿತು. 1961ರ ಡಿಸೆಂಬರ್ 19ರಂದು ಗೋವಾ ಬಿಡುಗಡೆಯಾಯಿತು. ಆ ನಡುವಣ ವರ್ಷಗಳಲ್ಲಿ ಕಥೋಲಿಕರ ನಿಷ್ಠೆ ಲಿಸ್ಬನ್ನಿನ ಕಡೆಗೋ ದೆಹಲಿಯ ಕಡೆಗೋ ಎಂದು ಪಿಸುಗುಡುವವರಿಗೆ ಕೊರತೆಯಿರಲಿಲ್ಲ. ಗೋವಾ ಗಡಿಯ ಲೋಕಸಭಾ ಕ್ಷೇತ್ರದ ಸದಸ್ಯರೇ ಎರಡು ಬಾರಿ ಸೆರೆ ಕಂಡ ಕಥೋಲಿಕ ರಾಷ್ಟ್ರವಾದಿಯಾಗಿದ್ದುದು, ಸಾವಿರ ಹೇಳಿಕೆಗಳಿಗಿಂತ ನಮ್ಮ ಜನರಿಗೆ ಹೆಚ್ಚಿನ ರಕ್ಷಣೆಯಾಯಿತೆಂದು ನಾವು ನಂಬುತ್ತೇವೆ.

ಹದಿನೈದು ವರ್ಷ ಲೋಕಸಭೆಯಲ್ಲಿದ್ದರೂ ಆಳ್ವರು ಮಂತ್ರಿಯಾಗಲಿಲ್ಲ. ಮಂತ್ರಿಯಾದವರು ವಯೊಲೆಟ್. 1957ರಲ್ಲಿ ಅವರು ಕೇಂದ್ರದ ಗೃಹಖಾತೆಯ ಉಪಮಂತ್ರಿಯಾದರು. 1960ರಿಂದ ರಾಜ್ಯಸಭೆಯಲ್ಲಿ ಮೈಸೂರು ರಾಜ್ಯವನ್ನು ಪ್ರತಿನಿಧಿಸಿದರು. 1962ರ ಏಪ್ರಿಲ್‌ನಲ್ಲಿ ರಾಜ್ಯಸಭೆಯ ಉಪಸಭಾಪತಿಯಾಗಿ ಆಯ್ಕೆಯಾಗಿ, ಆ ಪೀಠದಲ್ಲಿ ಕುಳಿತ ಮೊದಲ ಮಹಿಳೆಯಾದರು. ಪತ್ನಿ ತನಗಿಂತ ಮೇಲಿನ ಸ್ಥಾನಕ್ಕೇರುವುದನ್ನು ಸಹಿಸುವ ಗಂಡಸರು ಇಂದಿಗೂ ಕಡಿಮೆ. ಆಳ್ವರು ಸಾಮಾನ್ಯ ಸದಸ್ಯರಾಗಿಯೇ ತಮ್ಮ ಕೆಲಸ ಮುಂದುವರಿಸಿದರು.

1967ರಲ್ಲಿ ಉತ್ತರ ಕನ್ನಡದ ಜನ ಪಕ್ಷೇತರರಾಗಿ ನಿಂತ ದಿನಕರ ದೇಸಾಯಿಯವರನ್ನು ಲೋಕಸಭೆಗೆ ಕಳಿಸಿದರು. ಚುಟುಕಗಳ ಕವಿಯೂ ಕೆನರಾ ವೆಲ್‌ಫೇರ್ ಟ್ರಸ್ಟಿನ ಮೂಲಕ ಜಿಲ್ಲೆಯ ತುಂಬ ಶಾಲೆಗಳನ್ನು ತೆರೆದವರೂ ಆದ ದೇಸಾಯಿಯವರು ಆ ಸ್ಥಾನಕ್ಕೆ ಸರ್ವಥಾ ಯೋಗ್ಯರಾಗಿದ್ದರು. ಮರುವರ್ಷ ರಾಷ್ಟ್ರಪತಿಗಳು ಆಳ್ವರನ್ನು ರಾಜ್ಯಸಭೆಗೆ ನಾಮಕರಣ ಮಾಡಿದರು. ಹೀಗೆ ಪತ್ನಿ ಉಪಸಭಾಪತಿಯಾಗಿದ್ದ ಸಭೆಯಲ್ಲಿಯೇ ಪತಿ ಸದಸ್ಯರಾಗಿ ಕುಳಿತರು.

ಆ ಸಂತೋಷ ಹೆಚ್ಚು ದಿನ ಉಳಿಯಲಿಲ್ಲ. 1969ರಲ್ಲಿ ಉಪರಾಷ್ಟ್ರಪತಿ ಸ್ಥಾನ ತೆರವಾದಾಗ ಏಳು ವರ್ಷ ರಾಜ್ಯಸಭೆಯನ್ನು ನಡೆಸಿದ ವಯೊಲೆಟ್ ಅವರ ಹೆಸರು ಮುಂದೆ ಬಂದಿತು. ಆದರೆ ಪ್ರಧಾನಿ ಇಂದಿರಾ ಗಾಂಧಿಯವರ ಬೆಂಬಲ ದೊರೆಯಲಿಲ್ಲ. ನವೆಂಬರ್ 16ರಂದು ವಯೊಲೆಟ್ ಅವರು ಉಪಸಭಾಪತಿ ಸ್ಥಾನವನ್ನು ತೊರೆದರು. ನಾಲ್ಕು ದಿನಗಳ ಬಳಿಕ, ನವೆಂಬರ್ 20ರಂದು, ತೀರಿಕೊಂಡರು. ಅವರಿಗಾಗ 61 ವರ್ಷ. ಆಳ್ವರು 1974ರವರೆಗೆ ರಾಜ್ಯಸಭೆಯಲ್ಲಿದ್ದು, 1979ರ ಜೂನ್ 28ರಂದು ನಿಧನರಾದರು.

ಅವರ ಪರಂಪರೆ ಮನೆಯಲ್ಲಿ ಮುಂದುವರಿಯಿತು. ಮಗ ನಿರಂಜನ್ ಅವರನ್ನು ವಿವಾಹವಾಗಿ ಬಂದ ಮಂಗಳೂರಿನ ಮಾರ್ಗರೆಟ್ ಅವರು ಮಾವ ನಿವೃತ್ತರಾದ 1974ರಲ್ಲಿಯೇ ರಾಜ್ಯಸಭೆಗೆ ಹೋಗಿ, ಕೇಂದ್ರ ಮಂತ್ರಿಗಳಾಗಿ, ಮುಂದೆ ಉತ್ತರಾಖಂಡ, ರಾಜಸ್ಥಾನಗಳ ರಾಜ್ಯಪಾಲರಾದರು. 2007ರಲ್ಲಿ ಜೋಕಿಂ ವಯೊಲೆಟ್ ದಂಪತಿಗಳ ಭಾವಚಿತ್ರ ಸಂಸತ್ತಿನಲ್ಲಿ ಅನಾವರಣಗೊಂಡಿತು. 2008ರಲ್ಲಿ ಅಂಚೆ ಇಲಾಖೆ ಇಬ್ಬರ ಚಿತ್ರವಿರುವ ಅಂಚೆಚೀಟಿ ಹೊರತಂದಿತು. ನಮ್ಮ ಮಲೆಸೀಮೆಯ ಯುವಜನರಲ್ಲಿ ಮಾತ್ರ ಈ ಹೆಸರನ್ನು ಕೇಳಿದವರು ವಿರಳ. ಇದು ಅವರ ತಪ್ಪಲ್ಲ. ಹೇಳಬೇಕಾದ ನಾವು ಹೇಳಿಲ್ಲ.

2022ರಲ್ಲಿ ವಿರೋಧ ಪಕ್ಷಗಳು ಮಾರ್ಗರೆಟ್ ಆಳ್ವರನ್ನು ಉಪರಾಷ್ಟ್ರಪತಿ ಸ್ಥಾನಕ್ಕೆ ನಿಲ್ಲಿಸಿದಾಗ ಅತ್ತೆಯ 1969ರ ಸಂಗತಿ ಹಳಬರಿಗೆ ನೆನಪಾಯಿತು. ಆ ಸ್ಪರ್ಧೆಯಲ್ಲಿ ಅವರು ಗೆಲ್ಲಲಿಲ್ಲ. ಆದರೆ ಅದಕ್ಕೂ ಮೊದಲು, 1999ರಲ್ಲಿ, ಅವರು ಲೋಕಸಭೆಗೆ ನಿಂತು ಗೆದ್ದದ್ದು ಮಾವನ ಅದೇ ಉತ್ತರ ಕನ್ನಡ ಕ್ಷೇತ್ರದಿಂದ. 1952ರಲ್ಲಿ ಮೊದಲ ಬಾರಿ ಮತ ಹಾಕಿದ್ದ ಅಂಕೋಲೆ, ಸಿದ್ದಾಪುರಗಳ ವೃದ್ಧರು ಅಂದು ಇನ್ನೂ ಮತದಾರರ ಪಟ್ಟಿಯಲ್ಲಿದ್ದರು.